ತಪ್ಪಿದ ಚಕ್ಕುಬಂದಿ

ಮಂಟಯ್ಯ ಟೈಪ್‌ರೈಟರಿನ ಮೇಲೆ ತಲೆಯಿಟ್ಟು ಸತ್ತಿದ್ದ.

ಮೊದಲು ನೋಡಿದವಳು ಪುಟ್ಟಮಾದಮ್ಮ. ಲಕ್ಷ್ಮೀಪುರಂನ ಆ ಸಣ್ಣ ರಸ್ತೆಯಲ್ಲಿ ನಾಲ್ಕು ಅಂಗಡಿಗಳ ಕಸ ಗುಡಿಸುವುದು ಅವಳ ಕೆಲಸ. ತೊಂಬತ್ತೇಳನೇ ಇಸವಿಯ ಫೆಬ್ರವರಿ ಹದಿಮೂರು, ಗುರುವಾರ, ಬೆಳಿಗ್ಗೆ ಏಳೂವರೆ. ಬಾಗಿಲು ಸುಮ್ಮನೆ ಮುಂದಕ್ಕೆಳೆದಿತ್ತು. ಮುದುಕ ಕೂತಲ್ಲೇ ನಿದ್ದೆ ಹೋಗಿದ್ದಾನೆ ಅಂದುಕೊಂಡು ಭುಜ ಹಿಡಿದು ಅಲುಗಿಸಿದಳು. ಆಮೇಲೆ ಪೊರಕೆ ಅಲ್ಲೇ ಬಿಟ್ಟು ಹೊರಗೆ ಬಂದು ಮೆಟ್ಟಿಲ ಮೇಲೆ ಕೂತುಬಿಟ್ಟಳು.

ಹೆಡ್ ಕಾನ್‌ಸ್ಟೇಬಲ್ ಮರಿಸ್ವಾಮಿ ಸೈಕಲ್ ಒರಗಿಸಿದಾಗ ಅವಳು ಹಾಗೆಯೇ ಕೂತಿದ್ದಳು. ಅವನು ಕೊಲೆಯ ಸುದ್ದಿ ಕೇಳಿ ಬಂದವನಲ್ಲ. ದಿನವೂ ಕೋರ್ಟಿಗೆ ಹೋಗುವ ದಾರಿಯಲ್ಲಿ, ವಕೀಲರ ಕಾಗದಪತ್ರ ಟೈಪ್ ಮಾಡಿಕೊಡುವ ಮಂಟಯ್ಯನ ಅಂಗಡಿಯಲ್ಲಿ ಒಂದು ಗಳಿಗೆ ನಿಲ್ಲುತ್ತಿದ್ದ. ಹನ್ನೊಂದು ವರ್ಷದಿಂದ ಮರಿಸ್ವಾಮಿಗೆ ಕೋರ್ಟ್ ಡ್ಯೂಟಿ. ಠಾಣೆಯ ಕಡತ ಒಯ್ಯುವುದು, ಸಾಕ್ಷಿಗಳನ್ನು ಹುಡುಕಿ ತರುವುದು, ಮುಂದಿನ ವಾಯಿದೆ ಬರೆದುಕೊಂಡು ವಾಪಸಾಗುವುದು. ಠಾಣೆಯಲ್ಲಿ ಅವನನ್ನು ಯಾರೂ ನಿಜವಾದ ಪೊಲೀಸ್ ಅಂತ ಎಣಿಸಿರಲಿಲ್ಲ. ಮಧ್ಯಾಹ್ನ ಬುತ್ತಿ ಬಿಚ್ಚುವಾಗ ಎದುರಿಗೆ ಕೂರುತ್ತಿದ್ದವನು ಮಂಟಯ್ಯ ಒಬ್ಬನೇ.

ಒಳಗೆ ಹೋದ. ಮೊದಲಿಗೆ ಏನನ್ನೂ ಮುಟ್ಟಲಿಲ್ಲ. ನೋಡಿದ.

ಏಟು ಬಿದ್ದದ್ದು ಹಿಂದಿನಿಂದ. ಹಾಳೆ ಹಾರದಂತೆ ಮಂಟಯ್ಯ ಇಡುತ್ತಿದ್ದ ಎರಡು ಕೆ.ಜಿ.ಯ ಕಬ್ಬಿಣದ ತೂಕದ ಕಲ್ಲು ನೆಲದಲ್ಲಿ ಬಿದ್ದಿತ್ತು. ಟೈಪ್‌ರೈಟರಿನಲ್ಲಿ ಹಾಳೆ ಇರಲಿಲ್ಲ. ಕಪಾಟಿನ ಕಾಗದಗಳನ್ನೆಲ್ಲ ಯಾರೋ ಎಳೆದು ಹಾಕಿದ್ದರು. ಬಳಸಿದ ಕಾರ್ಬನ್ ಹಾಳೆಗಳನ್ನು ಹಾಕಿಡುವ ಬಿಸ್ಕತ್ತಿನ ಡಬ್ಬದ ಮುಚ್ಚಳ ತೆಗೆದಿತ್ತು, ಡಬ್ಬ ಖಾಲಿ.

ಕಿಟಕಿಯ ಕಟ್ಟೆಯ ಮೇಲೆ ಎರಡು ಗಾಜಿನ ಲೋಟ. ಎದುರಿನ ಹೋಟೆಲಿನವು. ಎರಡರ ತಳದಲ್ಲೂ ಕಾಫಿಯ ಕರೆ. ಒಂದರ ತುಂಬ ಇರುವೆ ಮುತ್ತಿತ್ತು. ಇನ್ನೊಂದರಲ್ಲಿ ಒಂದು ಇರುವೆಯೂ ಇರಲಿಲ್ಲ.

ಮರಿಸ್ವಾಮಿ ಎರಡನ್ನೂ ಅಂಚು ಹಿಡಿದು ಎತ್ತಿ ಬೇರೆ ಬೇರೆ ಪೇಪರಿನಲ್ಲಿ ಸುತ್ತಿದ. ಒಂದರ ಮೇಲೆ ‘ಇರುವೆ’ ಅಂತ ಬರೆದ. ಒಂಬತ್ತು ಗಂಟೆಗೆ ಜೀಪಿನಲ್ಲಿ ಬಂದ ಇನ್ಸ್‌ಪೆಕ್ಟರ್ ಶಿವಕಿರಣ್ ಅದನ್ನು ಓದಿ ಅವನ ಮುಖ ನೋಡಿದ. ಆದರೆ ಬೆರಳಚ್ಚಿನವರಿಗೆ ಕಳಿಸುವ ಚೀಲದೊಳಗೆ ಹಾಕಿಸಿದ. ಅಷ್ಟರಮಟ್ಟಿಗೆ ಅವನು ಒಳ್ಳೆಯ ಅಧಿಕಾರಿಯೇ.

* * *

ಪಕ್ಕದ ಜೆರಾಕ್ಸ್ ಅಂಗಡಿಯವನ ಹೇಳಿಕೆ ಚಿಕ್ಕದು. ಹಿಂದಿನ ಸಂಜೆ ಆರು ಗಂಟೆಗೆ ಒಬ್ಬ ಹೆಂಗಸು ಮಂಟಯ್ಯನ ಹತ್ತಿರ ಜಗಳ ಆಡಿದಳು. ಜೋರು ದನಿ. ಆರೂವರೆಗೆ ತಾನು ಬಾಗಿಲು ಹಾಕಿಕೊಂಡು ಹೋದೆ, ಆಮೇಲಿನದು ಗೊತ್ತಿಲ್ಲ. ಹೆಂಗಸು ಯಾರು ಅಂತ ಅವನಿಗೆ ಗೊತ್ತಿತ್ತು. ಕೋರ್ಟಿನ ಸುತ್ತ ಓಡಾಡುವ ಎಲ್ಲರಿಗೂ ಗೊತ್ತಿತ್ತು.

ದಾಕ್ಷಾಯಣಮ್ಮ. ಐವತ್ತಾರು ವರ್ಷ. ಗಂಡ ತೀರಿಕೊಂಡು ಒಂಬತ್ತು ವರ್ಷವಾಗಿತ್ತು. ಬನ್ನಿಮಂಟಪದಲ್ಲಿ ಅವಳ ಗಂಡನಿಗೂ ಅವನ ಅಣ್ಣ ಕರಿಬಸವಯ್ಯನಿಗೂ ಜಂಟಿಯಾಗಿ ಒಂದು ಹಿಟ್ಟಿನ ಮಿಲ್ಲು. ಮಾದನಕಟ್ಟೆಯ ಕಡೆ ನಾಲ್ಕು ಎಕರೆ ಜಮೀನು. ಗಂಡ ಹೋದ ಮೇಲೆ ಭಾವ ಪಾಲು ಇಲ್ಲ ಅಂದ. ಅವಳು ಮೈಸೂರಿನ ಕೋರ್ಟಿನಲ್ಲಿ ದಾವೆ ಹಾಕಿದಳು. ಮುಗಿಯುವತನಕ ಯಾರೂ ಮಾರಬಾರದು ಅಂತ ತಡೆಯಾಜ್ಞೆ ಸಿಕ್ಕಿತು. ಅಲ್ಲಿಂದ ಎಂಟು ವರ್ಷ. ಮಿಲ್ಲಿನ ಹಿಂದಿನ ಎರಡು ಕೋಣೆಯಲ್ಲಿ ಮಗಳು ಸುಷ್ಮಾಳನ್ನು ಇಟ್ಟುಕೊಂಡು, ಹಿಟ್ಟು ಬೀಸಿಕೊಂಡು, ವಾಯಿದೆಗೆ ತಪ್ಪದೆ ಬರುತ್ತಿದ್ದಳು. ವಕೀಲರು ಯಾದವಗಿರಿಯ ಬಿಂದುಮಾಧವರು. ಮೈಸೂರಿನಲ್ಲಿ ಅವರ ಮಾತಿಗೆ ತೂಕವಿತ್ತು. ಬಡವರ ಕೇಸು ಕೈಬಿಡದವರು ಅಂತ ಹೆಸರಿತ್ತು.

ಮಧ್ಯಾಹ್ನದ ಹೊತ್ತಿಗೆ ದಾಕ್ಷಾಯಣಮ್ಮ ಠಾಣೆಯ ಬೆಂಚಿನ ಮೇಲೆ ಕೂತಿದ್ದಳು. ಮಂಟಯ್ಯ ಸತ್ತ ಅಂದಾಗ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಜಗಳ ಆಡಿದ್ದು ಹೌದು ಅಂದಳು.

ಅವಳು ಹೇಳಿದ್ದು ಇಷ್ಟು. ಸೋಮವಾರ ಅವಳ ಹೆಸರಿಗೆ ಕೋರ್ಟಿನಿಂದ ಒಂದು ಕಾಗದ ಬಂತು. ವಕೀಲರಿಗೆ ತೋರಿಸಿದಳು. ಏನಿಲ್ಲ, ನಾನು ನೋಡ್ಕೋತೀನಿ, ಮನೆಗೆ ಹೋಗಿ ಅಂದರು. ಮನಸ್ಸು ತಡೆಯಲಿಲ್ಲ. ಬುಧವಾರ ಸಂಜೆ ಅದೇ ಕಾಗದ ತಂದು ಮಂಟಯ್ಯನ ಹತ್ತಿರ ಓದಿಸಿದಳು. ಅವನು ಎರಡು ಸಲ ಓದಿದ. ಮುಖ ಬಿಳಿಚಿಕೊಂಡಿತು. ಕಾಗದ ಇಲ್ಲಿರಲಿ, ನಾಳೆ ಹತ್ತು ಗಂಟೆಗೆ ಬನ್ನಿ ಅಂದ.

“ಎಂಟು ವರ್ಷದಿಂದ ಎಲ್ಲಾರೂ ನಾಳೆ ಬಾ ಅಂತೀರಿ, ನೀನೂ ಅಂಗೇ ಅಂದ್ಬುಟ್ಟೆಯಲ್ಲಪ್ಪಾ ಅಂತ ಕೂಗಾಡಿದೆ ಸ್ವಾಮಿ. ಅಷ್ಟೇ ನಾನು ಮಾಡಿದ್ದು.”

ಆ ಕಾಗದ ಮಂಟಯ್ಯನ ಅಂಗಡಿಯಲ್ಲಿ ಸಿಕ್ಕಿರಲಿಲ್ಲ. ಅದು ಯಾವ ಕೋರ್ಟಿನದು ಅಂತ ಅವಳಿಗೆ ಗೊತ್ತಿರಲಿಲ್ಲ. ಅವಳ ಲೆಕ್ಕದಲ್ಲಿ ಕೋರ್ಟು ಅಂದರೆ ಒಂದೇ. ಇನ್ಸ್‌ಪೆಕ್ಟರ್ ನಂಬಲಿಲ್ಲ. ಇಲ್ಲದ ಕಾಗದದ ಕಥೆ ಕಟ್ಟುತ್ತಿದ್ದಾಳೆ ಅಂದುಕೊಂಡ. ಬಿಂದುಮಾಧವರು ಸಂಜೆ ತಾವೇ ಠಾಣೆಗೆ ಬಂದರು. ಪಾಪದ ಹೆಂಗಸು, ತಲೆ ಕೆಟ್ಟಿರಬೇಕು, ಜಾಮೀನಿಗೆ ನಾನೇ ಅರ್ಜಿ ಹಾಕುತ್ತೇನೆ ಅಂದರು. ಯಾವ ಕಾಗದವನ್ನೂ ತಾವು ನೋಡಿಲ್ಲ ಅಂತಲೂ ಹೇಳಿದರು. ದಾಕ್ಷಾಯಣಮ್ಮ ಅವರ ಮುಖವನ್ನೇ ನೋಡಿದಳು. ತನಗೇ ಮರೆವಾಯಿತೇನೋ ಅನ್ನುವ ಹಾಗೆ ತಲೆ ತಗ್ಗಿಸಿದಳು.

* * *

ಮರಿಸ್ವಾಮಿಗೆ ಅಂದೇ ಕರಿಬಸವಯ್ಯನ ಮೇಲೆ ಗುಮಾನಿ ಬಂದಿತ್ತು. ದಾಕ್ಷಾಯಣಮ್ಮನಿಗೆ ಹೋದ ಕೋರ್ಟಿನ ಕಾಗದ ಭಾವನನ್ನು ಬಿಟ್ಟು ಇನ್ನೆಲ್ಲಿಂದ ಬರಬೇಕು? ಸಂಜೆ ಅವನ ಪಾತ್ರೆ ಅಂಗಡಿಗೆ ಹೋದ.

ಕರಿಬಸವಯ್ಯ ಹೆದರಲಿಲ್ಲ. ಎದುರಿನಿಂದ ಕಬ್ಬಿನ ಹಾಲು ತರಿಸಿ ಮರಿಸ್ವಾಮಿಗೂ ಕೊಟ್ಟ, ತಾನೂ ಎರಡು ಲೋಟ ಕುಡಿದ. ಬುಧವಾರ ಸಂಜೆ ಐದರಿಂದ ಒಂಬತ್ತರವರೆಗೆ ಮಠದಲ್ಲಿ ದಾಸೋಹಕ್ಕೆ ನಿಂತಿದ್ದೆ, ಇನ್ನೂರು ಜನ ನೋಡಿದ್ದಾರೆ ಅಂದ. ಆಮೇಲೆ ತಾನಾಗಿಯೇ ಮೇಜಿನ ಖಾನೆ ಎಳೆದು ಒಂದು ಕಡತ ತೆಗೆದ.

“ಕೇಸೇ ಮುಗಿದುಹೋಗಿದೆ ಕಣ್ರೀ. ನಮ್ಮ ನಾದಿನಿನೇ ರಾಜಿ ಆಗಿದ್ದಾಳೆ. ನಾಳೆ ಕೋರ್ಟಿನ ಅಮೀನ ಬಂದು ಮಿಲ್ಲು ನನ್ನ ಕೈಗೆ ಕೊಡ್ತಾನೆ.”

ಅದು ಮಾದನಕಟ್ಟೆ ಕೋರ್ಟಿನ ಡಿಕ್ರಿ. ತೊಂಬತ್ತಾರರಲ್ಲಿ ಕರಿಬಸವಯ್ಯ ಅಲ್ಲಿ ಹಾಕಿದ ದಾವೆ. ಅದೇ ಮಿಲ್ಲು, ಅದೇ ಜಮೀನು, ಅದೇ ಇಬ್ಬರು. ಜಮೀನು ಅಲ್ಲಿ, ಮಿಲ್ಲು ಇಲ್ಲಿ. ಎರಡರಲ್ಲಿ ಯಾವ ಕೋರ್ಟಿಗೆ ಹೋದರೂ ಕಾನೂನು ಒಪ್ಪುತ್ತದೆ. ಆದರೆ ಒಂದರಲ್ಲಿ ನಡೆಯುತ್ತಿರುವಾಗ ಇನ್ನೊಂದರಲ್ಲಿ ಅದನ್ನೇ ನಡೆಸುವ ಹಾಗಿಲ್ಲ. ಯಾರಾದರೂ ಹೇಳಿದರೆ ತಾನೇ ಕೋರ್ಟಿಗೆ ಗೊತ್ತಾಗುವುದು? ಯಾರೂ ಹೇಳಿರಲಿಲ್ಲ. ಜನವರಿಯಲ್ಲಿ ದಾಕ್ಷಾಯಣಮ್ಮ ತನ್ನ ಪಾಲನ್ನೆಲ್ಲ ಬಿಟ್ಟುಕೊಟ್ಟು ರಾಜಿಯಾಗಿದ್ದಾಳೆ ಅಂತ ಡಿಕ್ರಿ ಹೇಳುತ್ತಿತ್ತು. ಮೈಸೂರಿನ ತಡೆಯಾಜ್ಞೆ ಹಾಗೇ ಇತ್ತು. ಅದರ ಬೆನ್ನ ಹಿಂದೆ ಎಂಬತ್ತು ಕಿಲೋಮೀಟರ್ ದೂರದಲ್ಲಿ ಎಲ್ಲವೂ ಮುಗಿದಿತ್ತು.

ಮರಿಸ್ವಾಮಿ ಡಿಕ್ರಿಯ ಒಂದು ಜೆರಾಕ್ಸ್ ಕೇಳಿದ. ಕರಿಬಸವಯ್ಯ ಖುಷಿಯಿಂದಲೇ ಕೊಟ್ಟ.

* * *

ಶುಕ್ರವಾರ ಬೆಳಗಿನ ಬಸ್ಸಿಗೆ ಮರಿಸ್ವಾಮಿ ಮಾದನಕಟ್ಟೆಗೆ ಹೋದ. ಕೋರ್ಟಿನಲ್ಲಿ ಕಡತ ತೋರಿಸಿದರು. ದಾಕ್ಷಾಯಣಮ್ಮನ ಪರ ವಕಾಲತ್ತು ಹಾಕಿದ್ದವನು ಅಲ್ಲಿಯ ಒಬ್ಬ ಹುಡುಗು ವಕೀಲ. ಅವಳನ್ನು ಅವನು ಕಣ್ಣಿಂದ ನೋಡಿರಲಿಲ್ಲ. ಕಾಗದಗಳು ರುಜುವಾಗಿಯೇ ಲಕೋಟೆಯಲ್ಲಿ ಬಂದವು ಅಂದ. ಕಳಿಸಿದವರು ಯಾರು ಅಂತ ಕೇಳಿದರೆ, ಅದು ವೃತ್ತಿಯ ಗುಟ್ಟು, ಹೇಳುವ ಹಾಗಿಲ್ಲ ಅಂದ. ಅವನ ಹಣೆ ಬೆವರಿತ್ತು.

ಮರಿಸ್ವಾಮಿ ವಕಾಲತ್ತಿನ, ರಾಜಿ ಅರ್ಜಿಯ ಜೆರಾಕ್ಸ್ ಹಿಡಿದು ಮೈಸೂರಿಗೆ ಬಂದಾಗ ನಾಲ್ಕೂವರೆ. ನೇರ ದಾಕ್ಷಾಯಣಮ್ಮನ ಮುಂದೆ ಇಟ್ಟ. ರುಜು ಕಳ್ಳ ರುಜು ಅಂತ ಒಂದು ಮಾತು ಅವಳು ಹೇಳಿದ್ದರೆ ಸಾಕಿತ್ತು.

ಅವಳು ಕನ್ನಡಕವಿಲ್ಲದೆ ಹಾಳೆಯನ್ನು ದೂರ ಹಿಡಿದು ನೋಡಿದಳು.

“ಇದು ನನ್ನ ರುಜುನೇ.”

“ಸರಿಯಾಗಿ ನೋಡಿ ಅಮ್ಮಾ.”

“ನಂದೇ ಅಣ್ಣಾ. ‘ಕ್ಷಾ’ ಬರೆಯೋಕೆ ನಂಗೆ ಬರಲ್ಲ, ಯಾವಾಗ್ಲೂ ಹಿಂಗೇ ಸೊಟ್ಟ ಹಾಕೋದು.”

ವಕೀಲರು ವರ್ಷಕ್ಕೆ ಮೂರ್ನಾಲ್ಕು ಸಲ ಖಾಲಿ ಹಾಳೆಗಳ ಮೇಲೆ ರುಜು ಹಾಕಿಸಿಕೊಳ್ಳುತ್ತಿದ್ದರಂತೆ. ಪದೇ ಪದೇ ಬನ್ನಿಮಂಟಪದಿಂದ ಯಾಕೆ ಬರುತ್ತೀರಿ, ಇದ್ದರೆ ಅನುಕೂಲ ಅನ್ನುತ್ತಿದ್ದರಂತೆ. ಇದನ್ನು ಅವಳು ದೂರುವ ಹಾಗೆ ಹೇಳಲಿಲ್ಲ. ಅವರ ಒಳ್ಳೆಯತನವನ್ನು ಹೇಳುವ ಹಾಗೆ ಹೇಳಿದಳು.

ಬಾಗಿಲಲ್ಲಿ ನಿಂತು ಕೇಳುತ್ತಿದ್ದ ಇನ್ಸ್‌ಪೆಕ್ಟರಿಗೆ ಕಡೆಯದು ಕೇಳಿಸಿತೋ ಇಲ್ಲವೋ. ಅವನಿಗೆ ಬೇಕಾದದ್ದು ಸಿಕ್ಕಿತ್ತು. ರಾಜಿ ಮಾಡಿಕೊಂಡಳು, ಆಮೇಲೆ ಹೊಟ್ಟೆ ಉರಿಯಿತು, ಟೈಪ್ ಮಾಡಿದವನ ಮೇಲೆ ಸಿಟ್ಟು ತೀರಿಸಿಕೊಂಡಳು ಅಂತ ಮರಿಸ್ವಾಮಿಗೇ ವಿವರಿಸಿದ. ನಾಳೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸುವುದು ಅಂದ.

* * *

ಬನ್ನಿಮಂಟಪಕ್ಕೆ ಮರಿಸ್ವಾಮಿ ಸೈಕಲ್ ತುಳಿದ. ತಡವಾಗಿತ್ತು. ಅಮೀನ ಬಂದು ಕೆಲಸ ಮುಗಿಸಿಕೊಂಡು ಹೋಗಿದ್ದ. ಮಿಲ್ಲಿನ ಬಾಗಿಲಿಗೆ ಕರಿಬಸವಯ್ಯನ ಹೊಸ ಬೀಗ. ಬಂದೋಬಸ್ತಿಗೆ ಬಂದಿದ್ದ ಇಬ್ಬರು ಕಾನ್‌ಸ್ಟೇಬಲ್‌ಗಳು ಮರಿಸ್ವಾಮಿಯ ಠಾಣೆಯವರೇ. ಅವನನ್ನು ನೋಡಿ ಮುಖ ಬೇರೆ ಕಡೆ ತಿರುಗಿಸಿದರು.

ರಸ್ತೆಯ ಅಂಚಿನಲ್ಲಿ ಎರಡು ಟ್ರಂಕು, ಒಂದು ಸೀಮೆಎಣ್ಣೆ ಸ್ಟೌವ್, ಹಾಸಿಗೆ ಸುರುಳಿ. ಟ್ರಂಕಿನ ಮೇಲೆ ಸುಷ್ಮಾ ಕೂತಿದ್ದಳು. ಹತ್ತೊಂಬತ್ತು ವರ್ಷದ ಹುಡುಗಿ. ಅಳುತ್ತಿರಲಿಲ್ಲ.

“ಅಮ್ಮ ಬರೋವರೆಗೂ ತಡೀರಿ ಅಂದ್ರೆ, ಅಮ್ಮನೇ ಬರೆದುಕೊಟ್ಟಿದ್ದಾರೆ ಅಂದ್ರು,” ಅಂದಳು. “ನನ್ನ ಕೈಲಿ ಏನ್ ಹೇಳ್ಬೇಕು ಗೊತ್ತಾಗ್ಲಿಲ್ಲ.”

ಮರಿಸ್ವಾಮಿ ಅವಳ ಪಕ್ಕದ ಟ್ರಂಕಿನ ಮೇಲೆ ಕೂತ. ಜೇಬಿನಿಂದ ಡಿಕ್ರಿಯ ಜೆರಾಕ್ಸ್ ತೆಗೆದು, ಎಲ್ಲಾದರೂ ಒಂದು ಸಂದು ಸಿಕ್ಕೀತೇ ಅಂತ ಮತ್ತೆ ಓದಿದ. ಕಡೆಯಲ್ಲಿ ಚಕ್ಕುಬಂದಿ ಇತ್ತು. ಸ್ವತ್ತಿನ ನಾಲ್ಕು ದಿಕ್ಕಿಗೆ ಏನೇನಿದೆ ಅಂತ ಗುರುತಿಸುವ ನಾಲ್ಕು ಸಾಲು. ಪೂರ್ವಕ್ಕೆ ರಸ್ತೆ, ಪಶ್ಚಿಮಕ್ಕೆ ಸಾಮಿಲ್ಲು.

ಸೂರ್ಯ ಮುಳುಗುತ್ತಿದ್ದ. ಓದುವಾಗ ಬಿಸಿಲು ನೇರ ಅವನ ಕಣ್ಣಿಗೆ ಹೊಡೆಯುತ್ತಿತ್ತು. ಮಿಲ್ಲಿಗೆ ಬೆನ್ನು ಹಾಕಿ, ರಸ್ತೆಗೆ ಮುಖ ಮಾಡಿ ಕೂತಿದ್ದ ಅವನು.

ರಸ್ತೆ ಇರುವುದು ಪಶ್ಚಿಮಕ್ಕೆ. ಸಾಮಿಲ್ಲು ಬೆನ್ನ ಹಿಂದೆ, ಪೂರ್ವಕ್ಕೆ. ಡಿಕ್ರಿಯಲ್ಲಿ ದಿಕ್ಕು ಅದಲುಬದಲಾಗಿತ್ತು. ಅಮೀನನಿಗೆ ದಿಕ್ಕು ಬೇಕಿರಲಿಲ್ಲ, ಡೋರ್ ನಂಬರ್ ಸಾಕಿತ್ತು.

ಆಗ ಮರಿಸ್ವಾಮಿಗೆ ಮಂಟಯ್ಯನ ಮಾತು ನೆನಪಾಯಿತು. ತೊಂಬತ್ತಮೂರರ ಒಂದು ಮಧ್ಯಾಹ್ನ, ಬುತ್ತಿ ಬಿಚ್ಚಿ ಕೂತಾಗ ಮಂಟಯ್ಯ ನಕ್ಕು ಹೇಳಿದ್ದ: ದಾಕ್ಷಾಯಣಮ್ಮನ ದಾವೆಯಲ್ಲಿ ಪೂರ್ವ ಪಶ್ಚಿಮ ಉಲ್ಟಾ ಹೊಡೆದುಬಿಟ್ಟಿದ್ದೆ ಕಣಯ್ಯಾ, ನಾಲ್ಕು ವರ್ಷ ಯಾರೂ ನೋಡಲಿಲ್ಲ, ಇವತ್ತು ತಿದ್ದುಪಡಿ ಅರ್ಜಿ ಟೈಪ್ ಮಾಡಿದೆ.

ಸುಷ್ಮಾಳನ್ನೂ ಸಾಮಾನನ್ನೂ ಒಂದು ಆಟೋದಲ್ಲಿ ಹಾಕಿಸಿ ತನ್ನ ಮನೆಗೆ ಕಳಿಸಿದ.

* * *

ಶನಿವಾರ ಬೆಳಿಗ್ಗೆ ಕೋರ್ಟಿನ ಕಡತಕೋಣೆ ತೆಗೆಯುವ ಹೊತ್ತಿಗೆ ಮರಿಸ್ವಾಮಿ ಬಾಗಿಲಲ್ಲಿದ್ದ. ಮೈಸೂರಿನ ದಾವೆಯ ಮೂಲ ಪ್ರತಿ ನೋಡಿದ. ಕೆಂಪು ಶಾಯಿಯಲ್ಲಿ ದಿಕ್ಕು ತಿದ್ದಿತ್ತು, ಪಕ್ಕದಲ್ಲಿ ಜಡ್ಜರ ಚಿಕ್ಕ ರುಜು. ಕರಿಬಸವಯ್ಯ ಸಲ್ಲಿಸಿದ್ದ ಕ್ರಯಪತ್ರ ನೋಡಿದ. ಅದರಲ್ಲಿ ಮೊದಲಿನಿಂದಲೂ ಸರಿಯಾಗಿತ್ತು. ಅವನ ವಕೀಲರನ್ನು ಕಂಡು ಅವರ ಪ್ರತಿಯನ್ನೂ ನೋಡಿದ, ಅದರಲ್ಲೂ ತಿದ್ದಿತ್ತು.

ಅಲ್ಲಿಂದ ಮಂಟಯ್ಯನ ಅಂಗಡಿಯ ಎದುರಿನ ಹೋಟೆಲಿಗೆ ಹೋದ. ಹೋಟೆಲಿನ ಶಿವಮಲ್ಲಪ್ಪನಿಗೆ ಬುಧವಾರ ಚೆನ್ನಾಗಿ ನೆನಪಿತ್ತು. ಆರು ಮುಕ್ಕಾಲಿಗೆ ಮಂಟಯ್ಯ ಮೊದಲು ಎಸ್‌ಟಿಡಿ ಬೂತಿಗೆ ಹೋಗಿ ಒಂದು ಫೋನ್ ಮಾಡಿ ಬಂದನಂತೆ. ಅರ್ಧ ಗಂಟೆ ಬಿಟ್ಟು ಬಂದು ತಾನೇ ಕಾಫಿ ತಗೊಂಡು ಹೋದನಂತೆ.

“ಎರಡು ಕಾಫಿ. ಒಂದಕ್ಕೆ ಸಕ್ಕರೆ ಬ್ಯಾಡ ಅಂದ್ರು. ಯಾರೋ ದೊಡ್ಡೋರು ಬಂದವ್ರೆ, ಲೋಟ ಚೆನ್ನಾಗಿ ತೊಳೆದುಕೊಡು ಅಂದ್ರು.”

ಠಾಣೆಗೆ ಹೇಳಿಕೆ ಕೊಡಲು ಬಂದಿದ್ದ ಪುಟ್ಟಮಾದಮ್ಮನನ್ನು ಮರಿಸ್ವಾಮಿ ಖಾಲಿ ಡಬ್ಬದ ಬಗ್ಗೆ ಕೇಳಿದ. ಅವಳು ಸಲೀಸಾಗಿ ಹೇಳಿದಳು. ಕಾರ್ಬನ್ನು ಯಾರೂ ಕದ್ದಿಲ್ಲ. ಬುಧವಾರ ಮಧ್ಯಾಹ್ನ ಮಂಟಯ್ಯನೇ ಡಬ್ಬ ಖಾಲಿ ಮಾಡಿ ಅವಳಿಗೆ ಕೊಟ್ಟಿದ್ದ. ಅವಳ ಮಗಳು ಕಸೂತಿ ಹಾಕುತ್ತಾಳೆ. ಬಟ್ಟೆಯ ಮೇಲೆ ಹೂವಿನ ಗುರುತು ಮೂಡಿಸುವುದಕ್ಕೆ ಹಳೆಯ ಕಾರ್ಬನ್ನೇ ಸಾಕು.

ಅವಳ ಮನೆಯಲ್ಲಿ ಮರಿಸ್ವಾಮಿ ಒಂದೊಂದೇ ಹಾಳೆಯನ್ನು ಬಾಗಿಲ ಬೆಳಕಿಗೆ ಹಿಡಿದ. ಇಪ್ಪತ್ತಮೂರನೆಯದರಲ್ಲಿ ಸಿಕ್ಕಿತು. ಒಂದೇ ಸಲ ಬಳಸಿದ ಹಾಳೆ, ಅಕ್ಷರ ಒಂದೂ ಅಳಿಸಿರಲಿಲ್ಲ. ಮಾದನಕಟ್ಟೆ ನ್ಯಾಯಾಲಯ ಅಂತ ತಲೆಬರಹ. ರಾಜಿ ಅರ್ಜಿ. ಪೂರ್ವಕ್ಕೆ ರಸ್ತೆ. ಅದರ ಮೇಲೆ ಅಡ್ಡಡ್ಡಲಾಗಿ ಒಂದು ಮಲ್ಲಿಗೆ ಬಳ್ಳಿಯ ಗೆರೆ ಹಾದುಹೋಗಿತ್ತು.

ಇನ್ಸ್‌ಪೆಕ್ಟರ್ ಈ ಸಲ ಪೂರ್ತಿ ಕೇಳಿದ. ಕೇಳಿ ಜೀಪಿನ ಕೀಲಿ ತಗೊಂಡ.

* * *

ಯಾದವಗಿರಿಯ ಆ ಬಂಗಲೆಯ ಮುಂದಿನ ಕೋಣೆಯೇ ಬಿಂದುಮಾಧವರ ಆಫೀಸು. ಗೋಡೆ ತುಂಬ ಕಾನೂನಿನ ಪುಸ್ತಕ. ಅವರು ಎದ್ದು ನಿಂತು ಬರಮಾಡಿಕೊಂಡರು. ಜಾಮೀನು ಅರ್ಜಿ ಸಿದ್ಧವಿದೆ ಅಂದರು.

ಮರಿಸ್ವಾಮಿ ದಾಕ್ಷಾಯಣಮ್ಮನ ಮೂಲ ದಾವೆಯ ಆಫೀಸ್ ಪ್ರತಿ ಬೇಕು ಅಂತ ಕೇಳಿದ. ಕಡತಕ್ಕೆ ಸೇರಿಸಬೇಕು ಅಂದ. ಅವರು ತಾವೇ ಬೀರು ತೆಗೆದು, ಕಟ್ಟು ಬಿಚ್ಚಿ ಕೊಟ್ಟರು. ಮರಿಸ್ವಾಮಿ ಕಡೆಯ ಪುಟ ತಿರುಗಿಸಿದ.

“ಸಾರ್, ಇದರಲ್ಲಿ ಪೂರ್ವಕ್ಕೆ ರಸ್ತೆ ಅಂತಿದೆ.”

“ಹಳೇ ಪ್ರತಿ ಅಲ್ವೇನ್ರೀ. ಕೋರ್ಟಲ್ಲಿ ತಿದ್ದುಪಡಿ ಆಗಿದೆ. ಇದನ್ನ ತಿದ್ದಿಲ್ಲ ಅಷ್ಟೆ.”

“ಕೋರ್ಟಿನ ಪ್ರತಿ ತಿದ್ದಿದೆ ಸಾರ್. ಕರಿಬಸವಯ್ಯನವರ ವಕೀಲರದೂ ತಿದ್ದಿದೆ. ಅವರ ಕ್ರಯಪತ್ರದಲ್ಲಿ ತಪ್ಪೇ ಇಲ್ಲ. ಈ ತಪ್ಪು ಪ್ರಪಂಚದಲ್ಲಿ ಉಳಿದಿರೋದು ಈ ಒಂದು ಪ್ರತಿಯಲ್ಲಿ.” ಡಿಕ್ರಿಯನ್ನು ಮೇಜಿನ ಮೇಲೆ ಇಟ್ಟ. ಅದರ ಮೇಲೆ ಕಾರ್ಬನ್ ಹಾಳೆ ಇಟ್ಟ. “ಆಮೇಲೆ ಇಲ್ಲಿ. ಮಾದನಕಟ್ಟೆಗೆ ಹೋದ ರಾಜಿ ಅರ್ಜಿ, ಇದನ್ನ ನೋಡಿಕೊಂಡು ಹೇಳಿ ಬರೆಸಿದ್ದು ಸಾರ್.”

ಬಿಂದುಮಾಧವರು ಕಾರ್ಬನ್ನಿನ ಮೇಲಿದ್ದ ಹೂವಿನ ಗೆರೆಯನ್ನು ಬೆರಳಿಂದ ಮುಟ್ಟಿದರು. ಅಷ್ಟರಲ್ಲಿ ಅವರ ಹೆಂಡತಿ ಮೂರು ಲೋಟ ಕಾಫಿ ತಂದರು. ಇದು ನಿಮ್ಮದು, ಸಕ್ಕರೆ ಹಾಕಿಲ್ಲ ಅಂತ ಒಂದನ್ನು ಗಂಡನ ಮುಂದೆ ಬೇರೆ ಇಟ್ಟು ಒಳಗೆ ಹೋದರು. ಇನ್ಸ್‌ಪೆಕ್ಟರ್ ಶಿವಕಿರಣ್ ಆ ಲೋಟವನ್ನೇ ನೋಡಿದ. ಇರುವೆ ಮುತ್ತದ ಲೋಟದ ಬೆರಳಚ್ಚು ತೆಗೆದಾಗಿದೆ, ಹೋಲಿಸುವುದೊಂದೇ ಬಾಕಿ ಅಂತ ಮೆಲ್ಲಗೆ ಹೇಳಿದ.

ಬಿಂದುಮಾಧವರು ಲೋಟವನ್ನು ದೂರ ಸರಿಸಿದರು.

“ಏಳು ವರ್ಷ ನಾನು ನಿಯತ್ತಿನಿಂದ ನಡೆಸಿದೆ ಮರಿಸ್ವಾಮಿ,” ಅಂದರು ಬಿಂದುಮಾಧವರು. “ಐದು ಜಡ್ಜು ಬಂದು ಹೋದರು. ಒಬ್ಬ ಸಾಕ್ಷಿಯ ವಿಚಾರಣೆಯೂ ಮುಗಿದಿಲ್ಲ. ಅವಳು ಬದುಕಿರುವಾಗ ಅದು ಮುಗೀತಿರಲಿಲ್ಲ. ಕರಿಬಸವಯ್ಯ ಬಂದು ಕೂತ. ಮಿಲ್ಲಿನ ಜಾಗದಲ್ಲಿ ಕಟ್ಟೋ ಕಾಂಪ್ಲೆಕ್ಸಿನಲ್ಲಿ ನನ್ನ ಮಗನಿಗೆ ಆಫೀಸು ಅಂದ. ಹೇಗೂ ಸೋಲೋ ಕೇಸು ಅಂದುಕೊಂಡೆ.”

“ಮಂಟಯ್ಯ ಏನು ಕೇಳ್ದ ಸಾರ್?”

“ಏನೂ ಕೇಳಲಿಲ್ಲ. ಟೈಪ್ ಮಾಡುವಾಗ ಅವನು ಓದೋನಲ್ಲ. ಮಾಡಿ ಮುಗಿಸಿದ ಮೇಲೆ, ಸ್ವಾಮಿ, ದಿಕ್ಕು ಹಳೇ ತಪ್ಪೇ ಬಿದ್ದಿದೆ ಅಂದಿದ್ದ. ಇರಲಿ ಬಿಡು ಅಂದಿದ್ದೆ. ಮಿಲ್ಲು ಖಾಲಿ ಮಾಡಿ ಅಂತ ಮಾದನಕಟ್ಟೆ ಕೋರ್ಟಿಂದ ಅವಳಿಗೆ ಬಂದಿದ್ದ ಆ ಕಾಗದ ಬುಧವಾರ ನೋಡಿದಾಗ ಅವನಿಗೆ ಅರ್ಥ ಆಯ್ತು. ಫೋನ್ ಮಾಡಿದ. ಹೋದೆ. ಕಾಫಿ ತಂದುಕೊಟ್ಟ. ಆ ತಾಯಿಗೆ ನೀವೇ ಹೇಳಿಬಿಡಿ ಸ್ವಾಮಿ, ನನ್ನ ಬಾಯಲ್ಲಿ ಬರಲ್ಲ ಅಂದ. ಮಾದನಕಟ್ಟೆ ಕೋರ್ಟಿಗೆ ಈಗಲೇ ಒಂದು ಅರ್ಜಿ ಬರೆಯೋಣ, ನೀವು ಹೇಳಿ, ನಾನು ಹೊಡೀತೀನಿ ಅಂದ. ಹಾಳೆ ಸಿಕ್ಕಿಸೋಕೆ ಆ ಕಡೆ ತಿರುಗಿದ.”

ಅವರು ಅಲ್ಲಿಗೆ ನಿಲ್ಲಿಸಿದರು. ಮುಂದಿನದು ಮೂವರಿಗೂ ಗೊತ್ತಿತ್ತು.

ಅವಳ ಕಾಗದವನ್ನೂ, ಮಷೀನಿನಲ್ಲಿದ್ದ ಹಾಳೆಯನ್ನೂ ಒಯ್ದು ಸುಟ್ಟಿದ್ದರು. ಕಾರ್ಬನ್ನಿಗಾಗಿ ಕಪಾಟೆಲ್ಲ ಹುಡುಕಿದ್ದರು. ಮಂಟಯ್ಯ ಅದನ್ನು ಕಸೂತಿಗೆ ಕೊಡುತ್ತಾನೆ ಅನ್ನುವುದು ಅವರಿಗೆ ಗೊತ್ತಿರಲಿಲ್ಲ. ಜೀಪು ಹತ್ತುವ ಮೊದಲು ಅವರು ಜಾಮೀನು ಅರ್ಜಿಯನ್ನು ಮರಿಸ್ವಾಮಿಯ ಕೈಗೆ ಕೊಟ್ಟರು. ಅದು ಬೇಕಾಗಲಿಲ್ಲ. ದಾಕ್ಷಾಯಣಮ್ಮನನ್ನು ಅಂದು ಮಧ್ಯಾಹ್ನವೇ ಬಿಟ್ಟರು.

ಅವಳು ಠಾಣೆಯ ಮೆಟ್ಟಿಲಿಳಿದು ಬನ್ನಿಮಂಟಪದ ಕಡೆ ಹೊರಟಳು. ಮರಿಸ್ವಾಮಿ ಓಡಿಹೋಗಿ ತಡೆದು, ಅಲ್ಲಿಗೆ ಈಗ ಹೋಗುವ ಹಾಗಿಲ್ಲ ಅಂತ ಹೇಳಬೇಕಾಯಿತು. ಹನ್ನೊಂದು ವರ್ಷದ ಡ್ಯೂಟಿಯಲ್ಲಿ ಅವನು ಹೇಳಿದ ಅತಿ ಕಷ್ಟದ ಮಾತು ಅದೇ.

* * *

ಬಿಂದುಮಾಧವರಿಗೆ ಶಿಕ್ಷೆಯಾಯಿತು. ಎರಡು ಸಾವಿರದ ಇಸವಿಯಲ್ಲಿ, ಜೀವಾವಧಿ. ಬೆರಳಚ್ಚು ಹೊಂದಿತ್ತು. ಶಿವಮಲ್ಲಪ್ಪ ಸಾಕ್ಷಿ ಹೇಳಿದ. ಮಾದನಕಟ್ಟೆಯ ಹುಡುಗು ವಕೀಲನೂ ಕಡೆಗೆ ಬಾಯಿಬಿಟ್ಟ. ಕೊಲೆಗೆ ಕಾರಣವೇನು ಅಂತ ಬರೆಯುವಾಗ ಸೆಷನ್ಸ್ ಕೋರ್ಟು ಸ್ಪಷ್ಟವಾಗಿ ಬರೆಯಿತು: ಈ ವಿಧವೆಯ ಹೆಸರಿನ ರಾಜಿ ಮೋಸದಿಂದ ಹುಟ್ಟಿಸಿದ್ದು. ಆ ಸಾಲನ್ನು ಮರಿಸ್ವಾಮಿ ಅವಳಿಗೆ ಎರಡು ಸಲ ಓದಿ ಹೇಳಿದ. ಕರಿಬಸವಯ್ಯನ ಮೇಲೆ ಹಾಕಿದ ಮೋಸದ ಕೇಸು ಸಾಕ್ಷಿ ಸಾಲದೆ ಬಿದ್ದುಹೋಯಿತು. ತನಗೇನೂ ಗೊತ್ತಿಲ್ಲ, ವಕೀಲರು ತೋರಿಸಿದ ಕಡೆ ರುಜು ಹಾಕಿದೆ ಅಂದ. ಅಷ್ಟು ಹೊತ್ತಿಗೆ ಮಿಲ್ಲು ಕೆಡವಿ ಮೂರಂತಸ್ತಿನ ಕಾಂಪ್ಲೆಕ್ಸ್ ಎದ್ದಿತ್ತು. ಮೈಸೂರಿನ ಹಳೆಯ ದಾವೆಯನ್ನು, ವಿಷಯ ಆಗಲೇ ಬೇರೆ ಕೋರ್ಟಿನಲ್ಲಿ ತೀರ್ಮಾನವಾಗಿದೆ ಅಂತ ವಜಾ ಮಾಡಿದ್ದರು.

ಡಿಕ್ರಿ ರದ್ದಾಗಬೇಕಾದರೆ ಅದನ್ನು ಕೊಟ್ಟ ಕೋರ್ಟಿಗೇ ಅರ್ಜಿ ಹಾಕಬೇಕಿತ್ತು. ಹಾಕಿದ್ದಳು. ಐದು ವರ್ಷ ಮಾದನಕಟ್ಟೆಗೆ ಓಡಾಡಿದಳು. ವಠಾರದ ಒಂದು ಕೋಣೆಯಲ್ಲಿ ಬಾಡಿಗೆಗಿದ್ದು, ಸುಷ್ಮಾ ಗಾರ್ಮೆಂಟ್ಸಿಗೆ ಹೋಗಿ ತಂದದ್ದರಲ್ಲಿ ಓಡಾಡಿದಳು. ರಜೆ ಸಿಕ್ಕಿದಾಗ ಮರಿಸ್ವಾಮಿ ಜೊತೆಗೆ ಹೋಗುತ್ತಿದ್ದ.

ಎರಡು ಸಾವಿರದ ಎರಡರ ಜೂನಿನಲ್ಲಿ ಆದೇಶ ಬಂತು. ಅರ್ಜಿ ವಜಾ. ರುಜು ತನ್ನದೇ ಅಂತ ಅರ್ಜಿದಾರಳೇ ಒಪ್ಪಿದ್ದಾಳೆ. ಕೊಲೆ ಕೇಸಿನಲ್ಲಿ ಸೆಷನ್ಸ್ ಕೋರ್ಟು ಬರೆದದ್ದಕ್ಕೆ ಸಿವಿಲ್ ಕೋರ್ಟು ಬದ್ಧವಲ್ಲ.

ಬಸ್‌ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ ಇಬ್ಬರೂ ಕೂತರು. ಅವಳಿಗೆ ಅರವತ್ತೊಂದಾಗಿತ್ತು. ಆದೇಶದ ನಕಲನ್ನು ಮಡಿಚಿ ಚೀಲದಲ್ಲಿಟ್ಟುಕೊಂಡಳು.

“ಆ ಕೋರ್ಟು ಮೋಸ ಆಗಿದೆ ಅಂತು. ಈ ಕೋರ್ಟು ಇಲ್ಲ ಅಂತು,” ಅಂದಳು. “ಎರಡೂ ಸರ್ಕಾರದ್ದೇ ಅಲ್ವಾ ಅಣ್ಣಾ?”

ಮರಿಸ್ವಾಮಿ ಹೌದು ಅಂದ.

ಅವಳು, ಹಾಗಾದರೆ ಹೈಕೋರ್ಟಿಗೆ ಹಾಕೋಣವಾ ಅಂತ ಕೇಳಿದಳು. ಬೇಡ ಅನ್ನಬೇಕು ಅನಿಸಿತು ಅವನಿಗೆ. ಅಲ್ಲಿ ಎಷ್ಟು ವರ್ಷ ಹಿಡಿಯುತ್ತದೆ ಅಂತ ಅವನಿಗೆ ಗೊತ್ತಿತ್ತು. ಅವಳ ವಯಸ್ಸಿಗೆ ಅಷ್ಟು ವರ್ಷ ಕೂಡಿಸಿಯೂ ನೋಡಿದ.

“ತೊಂಬತ್ತು ದಿನ ಟೈಮಿದೆ ಅಮ್ಮಾ,” ಅಂದ.

ಮೈಸೂರಿನ ಬಸ್ಸು ಬಂತು. ಕೂರಲು ಜಾಗವಿರಲಿಲ್ಲ. ಅವಳು ಚೀಲವನ್ನು ಎದೆಗೆ ಒತ್ತಿಕೊಂಡು, ಇನ್ನೊಂದು ಕೈಯಲ್ಲಿ ಕಂಬಿ ಹಿಡಿದು ನಿಂತಳು. ಯಾರೋ ಎದ್ದು ಸೀಟು ಕೊಟ್ಟರೂ ಬೇಡ ಅಂದಳು. ಮೈಸೂರು ಮುಟ್ಟುವವರೆಗೂ ಹಾಗೆಯೇ ನಿಂತಿದ್ದಳು.